ಬಂಡಿ ಆಟದ ವೇಗ

ಚಳಿ ಹಿಂದೆ ಸರಿದಿತ್ತು, ಬೇಸಿಗೆ ಇನ್ನೂ ಪೂರ್ತಿ ಕಾಲೂರಿರಲಿಲ್ಲ. ಮಧ್ಯಾಹ್ನದ ಊಟ ಮುಗಿದು ಬೀದಿಯ ನಾಯಿಗಳೂ ನೆರಳು ಹುಡುಕಿ ಮಲಗುವ ಹೊತ್ತು. ನಾನು ಯಾರದೋ ಅಂಗಿಯ ಕಾಲರಿಗೆ ನೀರು ಚಿಮುಕಿಸುತ್ತಿದ್ದೆ. ನನ್ನ ತಮ್ಮ ಬಾಗಿಲಲ್ಲಿ ಚಪ್ಪಲಿ ಬಿಟ್ಟು ಒಳಗೆ ಬಂದ. ಎದೆಗೆ ಒತ್ತಿ ಹಿಡಿದುಕೊಂಡಿದ್ದ ಬಿಸ್ಕತ್ತಿನ ಡಬ್ಬಿಯೊಂದನ್ನು ನನಗೆ ತೋರಿಸದೆ ನೇರವಾಗಿ ನನ್ನ ಮಗಳ ಮೇಜಿನ ಮೇಲೆ ಇಟ್ಟ.

ನಮ್ಮ ಮನೆಯ ಮುಂದಿನ ಕೋಣೆಯಲ್ಲಿ ಎರಡು ಕಸುಬು. ಕಿಟಕಿಯ ಕಡೆ ನನ್ನ ಇಸ್ತ್ರಿ ಮೇಜು, ಗೋಡೆಯ ಕಡೆ ಮಗಳ ಕಂಪ್ಯೂಟರುಗಳು. ಹಳೆಯ ಕಂಪ್ಯೂಟರ್ ಆಟಗಳನ್ನು ಹೊಸ ಕಂಪ್ಯೂಟರಿನಲ್ಲಿ ಓಡುವ ಹಾಗೆ ಮಾಡಿಕೊಡುವುದು ಅವಳ ಕೆಲಸ. ಇದೂ ಒಂದು ಕೆಲಸವಾ ಎಂದು ಮೊದಮೊದಲು ನನಗೂ ಅನ್ನಿಸಿತ್ತು. ಆದರೆ ಜನ ಬರುತ್ತಾರೆ. ತಲೆ ನರೆತವರು, ಹೊಟ್ಟೆ ಬಂದವರು ಬರುತ್ತಾರೆ. "ಮಕ್ಕಳು ಆಡ್ಲಿ ಅಂತ" ಎನ್ನುತ್ತಾರೆ. ಆಟ ಪರದೆಯ ಮೇಲೆ ಮೂಡಿದ ಕೂಡಲೇ ಅವರೇ ಕುರ್ಚಿ ಎಳೆದುಕೊಂಡು ಕೂರುತ್ತಾರೆ. ಯಾವ ಮಕ್ಕಳೂ ಕಾಣುವುದಿಲ್ಲ.

ತಮ್ಮ ತಂದ ಡಬ್ಬಿಯೊಳಗೆ ಬಟ್ಟೆಯಲ್ಲಿ ಸುತ್ತಿದ ಒಂದು ಫ್ಲಾಪಿ ಇತ್ತು. ಅದನ್ನು ನೋಡಿದ್ದೇ ನನಗೆ ಅರ್ಥವಾಯಿತು. ಬಂಡಿ ಆಟ.

ಇದನ್ನು ಸ್ವಲ್ಪ ಹಿಂದಿನಿಂದ ಹೇಳಬೇಕು. ನನ್ನ ತಮ್ಮ ಕ್ಷೌರದವನು. ನಮ್ಮ ಬೀದಿಯ ತಿರುವಿನಲ್ಲೇ ಅವನ ಅಂಗಡಿ. ಅವನ ನಿಜವಾದ ಹೆಸರು ನನಗೆ ಮತ್ತು ಬ್ಯಾಂಕಿನವರಿಗೆ ಬಿಟ್ಟರೆ ಯಾರಿಗೂ ಗೊತ್ತಿಲ್ಲ. ಎಲ್ಲರಿಗೂ ಅವನು ಚಾಂಪಿಯನ್. ಅವನಿಗೆ ಮೀಸೆ ಚಿಗುರುವ ವಯಸ್ಸಿನಲ್ಲಿ, ಬಸ್ ನಿಲ್ದಾಣದ ಹಿಂದೆ ಒಂದು ಆಟದ ರೂಮು ತೆರೆದಿದ್ದರು. ಅಲ್ಲಿದ್ದ ಒಂದು ಕಂಪ್ಯೂಟರಿನಲ್ಲಿ ಗಣಿಯೊಳಗೆ ಹಳಿಯ ಮೇಲೆ ಓಡುವ ಬಂಡಿಯ ಆಟ. ದಾರಿಯಲ್ಲಿ ಗುಂಡಿ ಬಂದರೆ ಬಂಡಿಯನ್ನು ಹಾರಿಸಬೇಕು, ಕಲ್ಲು ಬಿದ್ದರೆ ತಪ್ಪಿಸಬೇಕು. ಒಂದು ಸುರಂಗ ದಾಟಿದರೆ ಇನ್ನೊಂದು. ಕೊನೆಯ ಸುರಂಗ ದಾಟಿ ಬೆಳಕಿಗೆ ಬಂದವನು ಅವನೊಬ್ಬನೇ. ಒಮ್ಮೆ ಅಲ್ಲ, ಮನಸ್ಸು ಬಂದಾಗಲೆಲ್ಲ. ನೋಡಲು ಜನ ಬಾಗಿಲ ತನಕ ನಿಲ್ಲುತ್ತಿದ್ದರು. ಅಮ್ಮ ಇಲ್ಲದ ಮನೆ ನಮ್ಮದು, ಅವನನ್ನು ಸಾಕಿದವಳು ನಾನು. ಎಷ್ಟೋ ಸಂಜೆ ಆ ಗುಂಪನ್ನು ಸೀಳಿಕೊಂಡು ಹೋಗಿ ಕಿವಿ ಹಿಡಿದು ಎಳೆತಂದಿದ್ದೇನೆ. ಬೈಯುತ್ತಿದ್ದೆ ನಿಜ. ಆದರೆ ದಾರಿಯಲ್ಲಿ ಯಾರಾದರೂ "ಚಾಂಪಿಯನ್ನಿನ ಅಕ್ಕ" ಎಂದರೆ ಸೆರಗು ಸರಿಮಾಡಿಕೊಂಡು ನಡೆಯುತ್ತಿದ್ದೆ.

ರೂಮು ಮುಚ್ಚಿದಾಗ ಅದರ ಮಾಲೀಕ ಈ ಫ್ಲಾಪಿಯನ್ನು ಅವನಿಗೇ ಕೊಟ್ಟು ಹೋದ. ಆಮೇಲೆ ತಮ್ಮನ ಹೆಂಡತಿ ತೀರಿಕೊಂಡಳು, ಅವನ ಮಗಳು ಮದುವೆಯಾಗಿ ಬೇರೆ ಊರಿಗೆ ಹೋದಳು. ಹೆಸರು ಮಾತ್ರ ಅವನ ಜೊತೆಗೇ ಉಳಿಯಿತು. ಮಗಳು ಬಂದು ತನ್ನ ಜೊತೆ ಇರು ಎಂದು ಕರೆಯುತ್ತಲೇ ಇದ್ದಳು. ಇವನದು ಒಂದೇ ಉತ್ತರ. "ಅಲ್ಲಿ ನಾನ್ಯಾರು? ಆ ಮನೆ ಅಜ್ಜ. ಇಲ್ಲಿ ಚಾಂಪಿಯನ್."

"ಏನ್ಮಾಮ ಇದು, ಬೂಸ್ಟು ಹಿಡಿದಿದೆ" ಎಂದಳು ಮಗಳು, ಫ್ಲಾಪಿಯ ಬಾಗಿಲು ಸರಿಸಿ ಬೆಳಕಿಗೆ ಹಿಡಿದು.

"ನನಗೂ ಹಿಡಿದಿದೆ. ನನ್ನ ಬಿಸಾಕ್ತೀಯಾ? ಬರೋ ಭಾನುವಾರ ವಾಚನಾಲಯದಲ್ಲಿ ಹಳೇ ಸಾಮಾನು ತೋರಿಸೋ ಕಾರ್ಯಕ್ರಮ ಅಂತೆ. ಟೈಪ್‌ರೈಟರು, ರೇಡಿಯೋ ಎಲ್ಲ ಇಡ್ತಾರಂತೆ. ವಾಚನಾಲಯದ ಮೇಡಂ ನನ್ನ ಅಂಗಡಿಗೇ ಬಂದು ಕೇಳಿದ್ರು, ನೀವು ಎಲ್ರೆದುರು ಬಂಡಿ ಆಟ ಆಡ್ಬೇಕು ಅಂತ."

"ಕೈ ಓಡತ್ತಾ ಈಗ?"

"ದಿನಾ ಹತ್ತು ಜನರ ಕುತ್ತಿಗೆ ಹತ್ರ ಕತ್ತಿ ಆಡಿಸ್ತೀನಿ. ಒಬ್ರೂ ಸತ್ತಿಲ್ಲ."

ಅವಳು ನಕ್ಕು ಕೆಲಸಕ್ಕೆ ಕೂತಳು. ಫ್ಲಾಪಿಯ ಹೊದಿಕೆ ಬಿಡಿಸಿ, ಒಳಗಿನ ಕಪ್ಪು ಹಾಳೆಯನ್ನು ಸ್ಪಿರಿಟ್ ಮುಟ್ಟಿಸಿದ ಹತ್ತಿಯಿಂದ ಒರೆಸಿದಳು. ಮಗುವಿನ ಕಿವಿ ಒರೆಸುವ ಹಾಗೆ. ಓದಿಸಿದಳು, ಓದಲಿಲ್ಲ, ಮತ್ತೆ ಒರೆಸಿದಳು. ಮರುದಿನವೂ ಅದೇ. ಕೊನೆಗೆ ಓದಿತು. ಹೊಸ ಕಂಪ್ಯೂಟರಿಗೆ ಇಂಥ ಆಟ ಅರ್ಥವೇ ಆಗುವುದಿಲ್ಲವಂತೆ. ಅದಕ್ಕೆ ಅವಳು ಹೊಸ ಕಂಪ್ಯೂಟರಿನ ಹೊಟ್ಟೆಯೊಳಗೆ ಒಂದು ಹಳೆಯ ಕಂಪ್ಯೂಟರಿನ ವೇಷ ಕಟ್ಟುತ್ತಾಳೆ. ಆಟ ಆ ವೇಷವನ್ನು ನಂಬಿ ಓಡುತ್ತದೆ.

ಓಡಿತು. ಆದರೆ ಹೇಗೆ? ತಮ್ಮ ಕುರ್ಚಿಯಲ್ಲಿ ಸರಿಯಾಗಿ ಕೂರುವುದರೊಳಗೆ ಬಂಡಿ ಗುಂಡಿಗೆ ಬಿದ್ದು ಆಟ ಮುಗಿದಿತ್ತು.

"ಇದೇನೇ ಪುಟ್ಟಿ, ನಿನ್ನ ಕಂಪ್ಯೂಟರಿಗೆ ಭೇದಿ ಹಿಡಿದಿದೆಯಾ?"

"ಇರು ಮಾಮ. ಇದು ಈಗಿನ ಕಾಲದ ಕುದುರೆ. ಲಗಾಮು ಹಾಕ್ಬೇಕು." ಅವಳು ಎರಡು ಕೀಗಳನ್ನು ಒತ್ತುತ್ತ ಒತ್ತುತ್ತ ವೇಗ ಇಳಿಸಿದಳು. ಪ್ರತಿ ಸಲವೂ ಆಟವನ್ನು ಮೊದಲಿನಿಂದ ಶುರು ಮಾಡಿ, ಅದರ ಶುರುವಿನ ಹಾಡಿಗೆ ಕಿವಿ ಕೊಡುತ್ತಿದ್ದಳು. ಹಾಡು ಅಂದರೆ ಕೀಂ ಕೀಂ ಎನ್ನುವ ಒಂದು ಚಿಕ್ಕ ರಾಗ. ಆ ರಾಗ ನಡೆಯುತ್ತಿರುವಾಗ ಬಂಡಿ ಕತ್ತಲೆಯಿಂದ ಉರುಳಿಕೊಂಡು ಬಂದು ಹಳಿಯ ತುದಿಯಲ್ಲಿ ನಿಲ್ಲುತ್ತದೆ. ರಾಗವೂ ಬಂಡಿಯೂ ಒಟ್ಟಿಗೇ ನಿಂತಾಗ ಅವಳು ಕೈ ತೆಗೆದಳು. "ಈಗ ಸರಿಯಾಯ್ತು. ಆಡು ಮಾಮ."

ಅವನು ಆಡಿದ. ಮೊದಲ ಗುಂಡಿಗೇ ಬಿದ್ದ. ಮತ್ತೆ ಆಡಿದ, ಮತ್ತೆ ಬಿದ್ದ. ಆಮೇಲೆ ಕೀಗಳಿಂದ ಕೈ ತೆಗೆದು ಪರದೆಯನ್ನೇ ದುರುಗುಟ್ಟಿ ನೋಡಿದ.

"ಸರಿಯಾಗಿಲ್ಲ ಕಣೇ ಇದು. ಹಾಡು ಮುಗಿದ ಮೇಲೆ ಬಂಡಿ ಬರ್ಬೇಕು. ಹಾಡು ಮುಗೀತು ಅಂದ್ರೆ ನಾನು ಎರಡೂ ಕೈ ಪ್ಯಾಂಟಿಗೆ ಒರೆಸ್ಕೊಂಡು, ಹಿಂದೆ ನಿಂತೋರ ಮುಖ ಒಂದ್ಸಲ ನೋಡಿ, ಆಮೇಲೆ ಬೆರಳು ಇಡ್ತಿದ್ದೆ. ಆಗ ಬರ್ತಿತ್ತು ಬಂಡಿ. ನಿಮ್ಮಮ್ಮನ್ನೇ ಕೇಳು."

ನನಗೂ ನೆನಪಿತ್ತು. ಕಿವಿ ಹಿಡಿಯಲು ಕೈ ಚಾಚಿದಾಗ "ಅಕ್ಕಾ, ಬಂಡಿ ಇನ್ನೂ ಬಂದಿಲ್ಲ, ತಡಿ" ಎನ್ನುತ್ತಿದ್ದ. ರಾಗ ಆಗಲೇ ನಿಂತಿರುತ್ತಿತ್ತು. ಹೌದು ಎಂದೆ.

"ಸರಿಮಾಡಿಡು, ನಾಳೆ ಬರ್ತೀನಿ" ಎಂದು ಅವನು ಅಂಗಡಿಗೆ ಹೋದ.

ಮಗಳು ಮೇಜಿನ ಕೆಳಗಿಂದ ಹಳದಿಗಟ್ಟಿದ ಒಂದು ನಿಜವಾದ ಹಳೆಯ ಕಂಪ್ಯೂಟರನ್ನು ಎಳೆದಳು. ಅನುಮಾನ ಬಂದಾಗ ತಾಳೆ ನೋಡಲು ಇಟ್ಟುಕೊಂಡದ್ದು ಅದು. ಅದರಲ್ಲಿ ಬಂಡಿ ಆಟ ಹಾಕಿದಳು. ರಾಗವೂ ಬಂಡಿಯೂ ಒಟ್ಟಿಗೇ ನಿಂತವು. ಆಮೇಲೆ ಅದರ ಮುಖದ ಮೇಲಿದ್ದ ಒಂದು ಗುಂಡಿಯನ್ನು ಒತ್ತಿ ಮತ್ತೆ ಶುರು ಮಾಡಿದಳು. ರಾಗ ಮುಗಿಯಿತು. ಬಂಡಿ ಇನ್ನೂ ಕತ್ತಲೆಯಲ್ಲೇ ಇತ್ತು. ಬಸುರಿ ನಡೆದ ಹಾಗೆ ನಿಧಾನವಾಗಿ ಉರುಳಿಕೊಂಡು ಬಂತು.

"ನೋಡಿದ್ಯಾ ಅಮ್ಮ. ರಾಗ ಗಡಿಯಾರದ ಲೆಕ್ಕದಲ್ಲಿ ಓಡತ್ತೆ. ಬಂಡಿ ಮಶೀನಿನ ಶಕ್ತಿಯ ಮೇಲೆ ಓಡತ್ತೆ. ಆಗಿನ ಮಶೀನುಗಳಿಗೆ ಇಂಥದ್ದೊಂದು ಗುಂಡಿ ಇರ್ತಿತ್ತು, ವೇಗ ತಗ್ಗಿಸೋಕೆ. ಆ ರೂಮಲ್ಲಿ ಯಾರೋ ಅದನ್ನ ಒತ್ತಿ ಹಾಗೇ ಬಿಟ್ಟಿದಾರೆ. ಮಾಲೀಕನಿಗೂ ಗೊತ್ತಿಲ್ಲ, ಮಾಮನಿಗೂ ಗೊತ್ತಿಲ್ಲ."

"ಅಂದ್ರೆ?"

"ಅಂದ್ರೆ ಮಾಮ ಗೆದ್ದಿದ್ದೆಲ್ಲ ಅರ್ಧ ವೇಗದಲ್ಲಿ."

ಇಸ್ತ್ರಿ ಪೆಟ್ಟಿಗೆ ಆಗ ಬಟ್ಟೆಯ ಮೇಲಿರಲಿಲ್ಲ, ಅದು ಆ ಅಂಗಿಯವನ ಪುಣ್ಯ. ನಾನು ಸ್ಟೂಲಿನ ಮೇಲೆ ಕೂತೆ. ಮೊದಲು ನನಗೆ ಬಂದದ್ದು ದುಃಖವಲ್ಲ, ನಾಚಿಕೆ. ಮನೆಯ ಗುಟ್ಟು ಬೀದಿಗೆ ಬಿದ್ದಾಗ ಆಗುವಂಥದು. ಇನ್ನೂ ಬೀದಿಗೆ ಬಿದ್ದಿರಲಿಲ್ಲ, ಆದರೂ.

"ಅವನಿಗೆ ಬೇಕಾದ ಹಾಗೇ ಇಟ್ಬಿಡು" ಎಂದೆ.

"ಅಮ್ಮಾ, ಸರಿಯಾದ ವೇಗ ಹುಡುಕೋದೇ ನನ್ನ ಕೆಲಸ. ಸುಕ್ಕು ಬಿಟ್ಟು ಅಂಗಿ ಮಡಿಚಿ ಕೊಡು ಅಂದ್ರೆ ನೀನು ಕೊಡ್ತೀಯಾ?"

"ಗಿರಾಕಿ ಹಾಗೇ ಬೇಕು ಅಂದ್ರೆ ಕೊಡ್ತೀನಿ."

"ಗಿರಾಕಿಗೆ ಸುಕ್ಕಿರೋದು ಗೊತ್ತಿರತ್ತೆ. ಮಾಮನಿಗೆ ಗೊತ್ತಿಲ್ಲ. ನಾನೇ ಮೆಲ್ಲಗೆ ಹೇಳ್ತೀನಿ ಬಿಡು. ಇಲ್ಲಾಂದ್ರೆ ಸರಿಯಾದ ವೇಗದಲ್ಲೇ ಆಡ್ಲಿ, ಬಿದ್ರೆ ಬೀಳ್ಲಿ. ಈ ವಯಸ್ಸಲ್ಲಿ ಬಿದ್ರೆ ಯಾರೇನಂತಾರೆ?"

"ಕುಣಿಯಲಾರದವಳು ನೆಲ ಡೊಂಕು ಅಂದಳಂತೆ, ಹಾಗಂತಾರೆ. ಈಗ್ಲೇ ಮಶೀನು ಸರಿಯಿಲ್ಲ ಅಂತಿದಾನೆ. ಎಲ್ರೆದುರು ಹಾಗಂದ್ರೆ ನಗೋದಿಲ್ವಾ? ಒಂದು ದಿನದ ಮಾತು ಕಣೇ. ಹಾವೂ ಸಾಯೋದು ಬೇಡ, ಕೋಲೂ ಮುರಿಯೋದು ಬೇಡ."

ಅವಳು ಒಪ್ಪಲಿಲ್ಲ. ನಾನು ಬಿಡಲಿಲ್ಲ. ಕೊನೆಗೆ ತಾಯಂದಿರು ಆಡಬಾರದ ಮಾತು ಆಡಿದೆ. ನಿನ್ನ ಅಪ್ಪ ಹೋದಾಗ ನಿನ್ನನ್ನು ಹೆಗಲ ಮೇಲೆ ಹೊತ್ತು ತಿರುಗಿದವನು ಅವನು, ಅವನಿಗಾಗಿ ಇಷ್ಟೂ ಆಗುವುದಿಲ್ಲವೇ ಎಂದೆ. ಅವಳು ನನ್ನ ಮುಖ ನೋಡದೆ ವೇಗ ಇಳಿಸಿದಳು.

ಮರುದಿನ ಅವನು ಬಂದು ಕೂತ. ರಾಗ ಮುಗಿಯಿತು. ಕೈ ಒರೆಸಿಕೊಂಡ. ಹಿಂದೆ ತಿರುಗಿ ನಮ್ಮಿಬ್ಬರ ಮುಖ ನೋಡಿದ. ಬೆರಳಿಟ್ಟ. ಒಂದಾದ ಮೇಲೊಂದು ಸುರಂಗ ದಾಟುತ್ತ ಹೋದ. ಮಧ್ಯೆ ಒಂದೆರಡು ಸಲ ಬಿದ್ದರೂ ಕೊನೆಯದನ್ನೂ ದಾಟಿ ಬೆಳಕಿಗೆ ಬಂದ. ಕಣ್ಣು ಒದ್ದೆಯಾಗಿತ್ತು. "ನೋಡ್ದಾ ಅಕ್ಕಾ, ಬೆರಳು ಮರ್ತಿಲ್ಲ" ಎಂದ. ನಾನು ಕಾಲರು ತೀಡುತ್ತಲೇ ತಲೆಯಾಡಿಸಿದೆ.

ಅಂಗಡಿಗೆ ಬಂದವರಿಗೆಲ್ಲ ಹೇಳಿದ. ಗಲ್ಲಕ್ಕೆ ನೊರೆ ಹಚ್ಚಿ ಕತ್ತಿ ಹಿಡಿದವನು ಹೇಳುವಾಗ ಯಾರು ತಾನೇ ಕೇಳುವುದಿಲ್ಲ? ಭಾನುವಾರದ ಹೊತ್ತಿಗೆ ಇಡೀ ಬೀದಿಗೆ ಸುದ್ದಿ ಮುಟ್ಟಿತ್ತು.

ವಾಚನಾಲಯದ ದೊಡ್ಡ ಕೋಣೆಯಲ್ಲಿ ಕಪಾಟುಗಳನ್ನು ಗೋಡೆಗೆ ಸರಿಸಿ ಕುರ್ಚಿ ಹಾಕಿದ್ದರು. ಒಂದು ಕಡೆ ಟೈಪ್‌ರೈಟರು, ಪಕ್ಕದಲ್ಲಿ ಬಾಗಿಲಷ್ಟು ದೊಡ್ಡ ರೇಡಿಯೋ. ಎದುರುಗೋಡೆಯ ಬಿಳಿ ಪರದೆಯ ಮೇಲೆ ಆಟ ಕಾಣುವ ಹಾಗೆ ಮಗಳು ತಂತಿ ಜೋಡಿಸಿದ್ದಳು. ತಮ್ಮ ಇಸ್ತ್ರಿಯ ಅಂಗಿ ಹಾಕಿಕೊಂಡು ಬಂದಿದ್ದ. ಆ ಬೆಳಿಗ್ಗೆ ನಾನೇ ಮಾಡಿಕೊಟ್ಟದ್ದು. ಆಡಿದ, ಗೆದ್ದ. ನಮ್ಮ ಬೀದಿಯ ಬೇಕರಿಯವನು ಎದ್ದು ನಿಂತು ಶಿಳ್ಳೆ ಹೊಡೆದ. ನಾನು ಮುಂದಿನ ಸಾಲಿನಲ್ಲಿ ಕೂತು ನೆಲ ನೋಡುತ್ತಿದ್ದೆ. ಚಪ್ಪಾಳೆ ಮುಗಿದರೆ ಸಾಕು ಅನ್ನಿಸುತ್ತಿತ್ತು. ಮಗಳು ತಂತಿ ಸರಿಮಾಡುವ ನೆಪದಲ್ಲಿ ಮೇಜಿನ ಹಿಂದೆ ಕೂತಿದ್ದಳು.

"ಆ ಕಾಲದಲ್ಲಿ ಇದನ್ನ ಆಡಿದವರು ಬೇರೆ ಯಾರಾದ್ರೂ ಇದೀರಾ?" ಎಂದು ಮೇಡಂ ಕೇಳಿದರು.

ಫೋಟೋ ಅಂಗಡಿಯಾಕೆ ಕೈ ಎತ್ತಿದರು. ಚಿಕ್ಕವರಿದ್ದಾಗ ಅವರು ಇದ್ದದ್ದು ಊರಿನ ಇನ್ನೊಂದು ತುದಿಯಲ್ಲಿ. ಅಲ್ಲಿ ಸಿನಿಮಾ ಮಂದಿರದ ಪಕ್ಕ ಬೇರೆ ಆಟದ ರೂಮು ಇತ್ತಂತೆ. "ನಾನು ಎರಡನೇ ಸುರಂಗದಾಚೆ ಯಾವತ್ತೂ ಹೋದವಳಲ್ಲ" ಎನ್ನುತ್ತ ನಗುನಗುತ್ತ ಬಂದು ಕೂತರು. ಕೆಟ್ಟ ಮನಸ್ಸು ಅವರಲ್ಲಿ ಎಳ್ಳಷ್ಟೂ ಇರಲಿಲ್ಲ, ಅದನ್ನು ಹೇಳಲೇಬೇಕು.

ರಾಗ ಮುಗಿಯಿತು. ಮುಗಿದ ಗಳಿಗೆಗೇ ಆಕೆಯ ಬೆರಳು ಕೀ ಒತ್ತಿತು. ಬಂಡಿ ಇನ್ನೂ ಬಂದಿರಲಿಲ್ಲ. ಆಕೆ ಪರದೆ ನೋಡಿದರು, ಬೆರಳು ನೋಡಿಕೊಂಡರು, ಮತ್ತೆ ಪರದೆ ನೋಡಿದರು.

"ಇದು ನಿಧಾನ ಓಡ್ತಾ ಇದೆಯಲ್ಲಮ್ಮ" ಎಂದರು ನನ್ನ ಮಗಳಿಗೆ. "ಹಾಡು ನಿಂತ ಕೂಡ್ಲೇ ಬಂಡಿ ಹಾರಬೇಕು. ಅದೇ ಅಲ್ವಾ ಕಷ್ಟ ಇದ್ದಿದ್ದು?"

ಮಗಳು ಮೇಜಿನ ಹಿಂದಿನಿಂದ ಎದ್ದಳು. ಮುಖ ಕೆಂಪಾಗಿತ್ತು. "ಹೌದು ಆಂಟಿ. ನನ್ನ ತಪ್ಪು. ವೇಗ ಕಮ್ಮಿ ಇಟ್ಟಿದೀನಿ."

ಅಲ್ಲಿಗೇ ಮುಗಿಯಬಹುದಿತ್ತು. ಅವಳು ಮಾಮನಿಗೋಸ್ಕರ ತನ್ನ ಕೆಲಸದ ಒಳ್ಳೆಯ ಹೆಸರನ್ನೇ ಬಲಿ ಕೊಟ್ಟಿದ್ದಳು, ಜನ ನಂಬುತ್ತಿದ್ದರು. ಆದರೆ ನನ್ನ ತಮ್ಮ ತನ್ನವರನ್ನು ಬಿಟ್ಟುಕೊಡುವವನಲ್ಲ. ಎದ್ದು ನಿಂತ.

"ಅವಳದ್ದೇನೂ ತಪ್ಪಿಲ್ಲ. ನಮ್ಮ ಹುಡುಗಿ ಕೆಲಸದಲ್ಲಿ ಕೂದಲಷ್ಟೂ ಆಚೀಚೆ ಆಗಲ್ಲ. ನಮ್ಮ ರೂಮಲ್ಲಿ ಇದು ಹೀಗೇ ಇತ್ತು. ಹಾಡು ಮುಗಿದ ಮೇಲೇ ಬಂಡಿ ಬರ್ತಿತ್ತು. ನಾನು ಕೈ ಒರೆಸ್ಕೊಳ್ತಿದ್ದೆ, ಹಿಂದೆ ತಿರುಗಿ ನೋಡ್ತಿದ್ದೆ. ಇಲ್ಲೇ ಇದಾರೆ ನೋಡಿದವರು, ಕೇಳಿ."

ಕೆಲವರು ತಲೆಯಾಡಿಸಿದರು. ಹೌದು, ಹಾಗೇ ಇತ್ತು.

ಫೋಟೋದಾಕೆ "ಹಾಗಾದ್ರೆ ನಿಮ್ಮ ರೂಮಿನ ಮಶೀನು" ಎಂದು ಶುರು ಮಾಡಿ, ಅರ್ಥವಾದವರ ಹಾಗೆ ಥಟ್ಟನೆ ನಿಲ್ಲಿಸಿದರು. ನಿಲ್ಲಿಸಿದ್ದೇ ತಡ, ಅರ್ಥವಾಗದವರಿಗೂ ಅರ್ಥವಾಯಿತು.

"ಹಂಗಾದ್ರೆ ನಮ್ಮ ಚಾಂಪಿಯನ್ನು ಎತ್ತಿನ ಗಾಡಿ ಓಡಿಸಿ ರೇಸ್ ಗೆದ್ದೋನು ಅನ್ನಿ" ಎಂದ ಬೇಕರಿಯವನು.

ಕೋಣೆಯೆಲ್ಲ ನಕ್ಕಿತು. ಅದು ಕೆಟ್ಟ ನಗೆಯಲ್ಲ, ಬೀದಿಯವರು ಬೀದಿಯವನನ್ನು ನೋಡಿ ನಗುವ ನಗೆ. ತಮ್ಮನೂ ನಕ್ಕ. ನಗುತ್ತ ನಗುತ್ತಲೇ ನನ್ನ ಮಗಳ ಕಡೆ ತಿರುಗಿದ.

"ನಿಂಗೆ ಗೊತ್ತಿತ್ತಾ ಪುಟ್ಟಿ?"

ಅವಳು ನನ್ನ ಕಡೆ ನೋಡಿದಳು, ಅಷ್ಟೇ. ಅವಳ ನೋಟ ಹಿಡಿದು ಅವನೂ ನನ್ನ ಕಡೆ ನೋಡಿದ. ನೆಲ ಬಾಯಿಬಿಟ್ಟರೆ ಇಳಿದುಹೋಗೋಣ ಎಂದು ಜನ ಹೇಳುವುದು ಕೇಳಿದ್ದೆ. ನೆಲ ಬಾಯಿ ಬಿಡುವುದಿಲ್ಲ. ಕೂತಲ್ಲೇ ಕೂತಿರಬೇಕಾಗುತ್ತದೆ.

"ಸರಿಯಾದ ವೇಗಕ್ಕೆ ಇಡು" ಎಂದ.

"ಬೇಡ ಮಾಮ."

"ಇಡು."

ಇಟ್ಟಳು. ಅವನು ಕೂತು ಆಡಿದ. ಮೊದಲ ಗುಂಡಿಗೆ ಬಿದ್ದ. ಎದ್ದ, ಬಿದ್ದ. ಪ್ರತಿ ಸಲ ರಾಗ ಮುಗಿದಾಗ ಅವನ ಕೈ ತಾನಾಗಿ ಪ್ಯಾಂಟಿನ ಕಡೆ ಹೋಗುತ್ತಿತ್ತು, ಅಷ್ಟರಲ್ಲಿ ಬಂಡಿ ಹೋಗಿಬಿಡುತ್ತಿತ್ತು. ನಗು ನಿಂತಿತು. ನಕ್ಕಿದ್ದರೇ ಚೆನ್ನಾಗಿತ್ತು. "ನಮ್ಮೆಲ್ರಿಗೂ ಹೀಗೇ ಆಗ್ತಿತ್ತು" ಎಂದು ಫೋಟೋದಾಕೆ ಮೆಲ್ಲಗೆ ಹೇಳಿದರು. ಮೇಡಂ ಚಪ್ಪಾಳೆ ಶುರು ಮಾಡಿದರು, ಎಲ್ಲರೂ ತಟ್ಟಿದರು. ಹಾಡಲು ಹೋಗಿ ಸಾಲು ಮರೆತ ಮಗುವಿಗೆ ತಟ್ಟುವ ಚಪ್ಪಾಳೆ ಅದು.

ಆ ವಾರ ಅಂಗಡಿಗೆ ಬಂದವರೆಲ್ಲ ಒಂದೊಂದು ಮಾತು ಆಡಿದರಂತೆ. "ಚಾಂಪಿಯನ್, ನಿಧಾನಕ್ಕೇ ಕತ್ತರಿಸಪ್ಪ, ನಿನಗೆ ಅದೇ ಅಭ್ಯಾಸ" ಎನ್ನುವುದು. ಅವನು "ಹೌದು ಸ್ವಾಮಿ, ಕಿವಿ ಉಳೀಬೇಕಲ್ಲ" ಎನ್ನುವುದು. ಮಾತಿಗೆ ಮಾತು ಕೊಡುತ್ತಿದ್ದ. ನಮ್ಮ ಮನೆಗೆ ಮಾತ್ರ ಬರಲಿಲ್ಲ.

ನಾನೇ ಹೋದೆ. ಮಧ್ಯಾಹ್ನ, ಗಿರಾಕಿಗಳಿಲ್ಲದ ಹೊತ್ತು. ಅವನು ಗಿರಾಕಿಯ ಕುರ್ಚಿಯಲ್ಲಿ ತಾನೇ ಕೂತು ಕನ್ನಡಿ ನೋಡುತ್ತಿದ್ದ. ನಾನು ಹಿಂದೆ ನಿಂತೆ, ಕನ್ನಡಿಯಲ್ಲೇ ಮಾತಾಡಿದೆವು.

"ನಿನ್ನ ಒಳ್ಳೇದಕ್ಕೆ ಅಂತ ಮಾಡ್ದೆ ಕಣೋ" ಎಂದೆ.

"ಗೊತ್ತು."

"ಎಲ್ರೆದುರು ಸೋತು ತಲೆ ತಗ್ಗಿಸ್ತೀಯಲ್ಲ ಅಂತ."

"ಸೋತಿದ್ರೆ ವಯಸ್ಸಾಯ್ತು ಅಂತಿದ್ರು ಅಕ್ಕಾ. ವಯಸ್ಸಾಗೋದು ಯಾರ ತಪ್ಪೂ ಅಲ್ಲ. ನಾನೂ ಹಾಗೇ ಅಂದ್ಕೊಂಡು ಮನೆಗೆ ಹೋಗ್ತಿದ್ದೆ. ಈಗ ನಾನು ಯಾವತ್ತೂ ಗೆದ್ದೇ ಇರ್ಲಿಲ್ಲ ಅನ್ನೋ ಹಾಗಾಯ್ತು."

"ಗೆದ್ದಿದ್ದು ಸುಳ್ಳಲ್ಲವಲ್ಲೋ. ಅದೇ ಮಶೀನಲ್ಲಿ ಊರೋರೆಲ್ಲ ಆಡಿದ್ರು. ಎಲ್ರಿಗೂ ಒಂದೇ ವೇಗ ಇತ್ತು. ನಿನ್ನ ಬಿಟ್ರೆ ಯಾರು ದಾಟಿದ್ರು?"

ಅವನು ಕನ್ನಡಿಯಲ್ಲಿ ನನ್ನನ್ನು ನೋಡಿದ. ಸಿಟ್ಟಿರಲಿಲ್ಲ. ಚಿಕ್ಕಂದಿನಲ್ಲಿ ಲೆಕ್ಕ ತಿಳಿಯದಿದ್ದಾಗ ನನ್ನನ್ನು ಕೇಳುತ್ತಿದ್ದನಲ್ಲ, ನನಗೂ ತಿಳಿಯುತ್ತಿರಲಿಲ್ಲ, ಅಂಥ ನೋಟ.

"ಈ ಮಾತು ಅವತ್ತೇ ಹೇಳ್ಬಹುದಿತ್ತಲ್ಲ. ಸುಳ್ಳಲ್ಲ ಅಂತ ನಿಂಗೆ ಅನ್ನಿಸಿದ್ರೆ, ಮುಚ್ಚಿಟ್ಟಿದ್ಯಾಕೆ?"

ಜನ ನಗುತ್ತಾರೆಂದು ಹೆದರಿದೆ ಎಂದುಕೊಂಡಿದ್ದೆ. ನಿಜ ಹೇಳಬೇಕೆಂದರೆ, ಮಗಳು ಆ ಗುಂಡಿ ಒತ್ತಿ ತೋರಿಸಿದಾಗ ಮೊದಲು ನಾಚಿಕೆಪಟ್ಟವಳು ನಾನೇ. ಯಾರೂ ನಗುವ ಮುಂಚೆ, ಯಾರಿಗೂ ತಿಳಿಯುವ ಮುಂಚೆ. ಸಾಕಿದವಳೇ ಅವನ ಗೆಲುವನ್ನು ಅರ್ಧ ಮಾಡಿ ಮಡಿಚಿ ಇಟ್ಟುಬಿಟ್ಟಿದ್ದೆ. ಅವನಿಗೆ ಅದು ಕಂಡಿತ್ತು.

ಮಗಳು ಆ ಆಟದ ವೇಗವನ್ನು ಮತ್ತೆ ಮುಟ್ಟಲಿಲ್ಲ. "ಇನ್ನೊಂದ್ಸಲ ನನ್ನ ಕೈಲಿ ಇಂಥ ಕೆಲಸ ಮಾಡಿಸ್ಬೇಡ ಅಮ್ಮ" ಎಂದಳು, ಬೆನ್ನು ಹಾಕಿಕೊಂಡೇ. ಸರಿ ಎಂದೆ. ಕೋಣೆಯಲ್ಲಿ ಇಬ್ಬರೂ ನಮ್ಮ ನಮ್ಮ ಕಸುಬು ಮಾಡುತ್ತ, ಒಂದೇ ಗಾಳಿ ಉಸಿರಾಡುತ್ತ ಇದ್ದೆವು.

ತಮ್ಮ ತನ್ನ ಅಂಗಡಿಯನ್ನು ಅಲ್ಲೇ ಪಕ್ಕದ ಕುರ್ಚಿಯಲ್ಲಿ ಕೆಲಸ ಮಾಡುತ್ತಿದ್ದ ಇನ್ನೊಬ್ಬ ಕ್ಷೌರದವನಿಗೆ ವಹಿಸಿದ. ತನ್ನ ಮಗಳು ಕರೆಯುತ್ತಿದ್ದಾಳೆ, ಎಷ್ಟು ಸಲ ಅಂತ ಬೇಡ ಎನ್ನುವುದು ಎಂದು ಎಲ್ಲರಿಗೂ ಹೇಳಿದ. ಎಲ್ಲರೂ ಒಳ್ಳೆಯದೇ ಆಯಿತು ಎಂದರು. ನಾನು ಅವನ ಬಟ್ಟೆಗಳನ್ನೆಲ್ಲ ತೀಡಿ ಗಂಟು ಕಟ್ಟಿ ಬಸ್ಸಿನ ಹತ್ತಿರ ತೆಗೆದುಕೊಂಡು ಹೋದೆ. ಕೈ ಚಾಚಿ ತೆಗೆದುಕೊಂಡ, ಮಡಿಲಲ್ಲಿ ಇಟ್ಟುಕೊಂಡ. ನನ್ನ ಮಗಳ ತಲೆ ಸವರಿದ. ಕಿಟಕಿಯಿಂದ "ಬಿಸಿಲಲ್ಲಿ ನಿಲ್ಬೇಡ ಅಕ್ಕಾ, ಮನೆಗೆ ಹೋಗು" ಎಂದ. ನಾನು ಬಸ್ಸು ತಿರುಗುವ ತನಕ ನಿಂತಿದ್ದೆ.

ನನ್ನ ತಮ್ಮ ಆ ಮನೆಯ ಅಜ್ಜನಾಗಲು ಊರು ಬಿಟ್ಟು ಹೋದದ್ದು ಮುಂದಿನ ವಾರದ ಬುಧವಾರ.